ಅಮೆರಿಕದ ಕಾಲೇಜು ಫುಟ್‌ಬಾಲಿನಲ್ಲಿ ಶ್ರೇಣಿಯ ಏರಿಕೆ

೧

ಅಮೆರಿಕ ಸಂಯುಕ್ತ ಸಂಸ್ಥಾನಗಳ ವಿಶ್ವವಿದ್ಯಾನಿಲಯಗಳ ಚರಿತ್ರೆಯನ್ನು ಅಭ್ಯಾಸ ಮಾಡುವವರು ಅಲ್ಲಿನ ಗ್ರಂಥಾಲಯಗಳನ್ನೂ ಪ್ರಯೋಗಶಾಲೆಗಳನ್ನೂ ನೋಡಿದರೆ ಸಾಲದು. ಫುಟ್‌ಬಾಲ್ ಮೈದಾನವನ್ನೂ ನೋಡಬೇಕಾಗುತ್ತದೆ. ಈ ಫುಟ್‌ಬಾಲ್ ನಮ್ಮ ಕಾಲ್ಚೆಂಡಾಟವಲ್ಲ. ಎರಡು ತುದಿಯೂ ಮೊನಚಾಗಿರುವ ಚೆಂಡನ್ನು ಕೈಯಲ್ಲಿ ಹಿಡಿದು ಓಡಿ, ಇಲ್ಲವೆ ಜೊತೆಯವನಿಗೆ ಎಸೆದು, ಎದುರು ಪಕ್ಷದ ಗಡಿಯನ್ನು ದಾಟಿಸುವ ಆಟವಿದು. ಪಕ್ಷಕ್ಕೆ ಹನ್ನೊಂದು ಮಂದಿ ಒಮ್ಮೆಗೆ ಕಣಕ್ಕಿಳಿಯುತ್ತಾರೆ. ೧೮೬೯ರ ನವೆಂಬರ್ ೬ರಂದು ರಟ್ಗರ್ಸ್ ಮತ್ತು ಪ್ರಿನ್ಸ್‌ಟನ್ ಕಾಲೇಜುಗಳ ನಡುವೆ ನಡೆದ ಪಂದ್ಯವನ್ನು ಅಲ್ಲಿನ ಕಾಲೇಜು ಫುಟ್‌ಬಾಲಿನ ಆರಂಭವೆಂದು ಎಣಿಸುವುದು ವಾಡಿಕೆ. ಅಂದು ಆಡಿದ್ದು ಇಂದಿನ ಆಟಕ್ಕಿಂತ ಬಹುಮಟ್ಟಿಗೆ ಭಿನ್ನವಾಗಿತ್ತೆಂಬುದು ಬೇರೆ ಮಾತು.

ಕೆಳಗಿನ ಶ್ರೇಣಿಯಲ್ಲಿ ಆಡುತ್ತಿದ್ದ ವಿಶ್ವವಿದ್ಯಾನಿಲಯವೊಂದು ಮೇಲಿನ ಶ್ರೇಣಿಗೆ ಏರುವುದೆಂದರೇನು, ಏರಿದ ಬಳಿಕ ಅದರ ಪಾಡೇನಾಗುತ್ತದೆ ಎಂಬುದು ಪ್ರಸ್ತುತ ಲೇಖನದ ವಿಷಯ. ಇಂಗ್ಲೆಂಡಿನ ಕ್ಲಬ್ಬುಗಳ ಪದ್ಧತಿಯನ್ನು ನಮ್ಮ ಓದುಗರು ಬಲ್ಲರು. ಅಲ್ಲಿ ವರ್ಷಾಂತ್ಯದ ಪಟ್ಟಿಯಲ್ಲಿ ಮೊದಲು ನಿಂತವರು ಮೇಲಕ್ಕೆ ಹೋಗುತ್ತಾರೆ, ಕೊನೆಯಲ್ಲಿ ನಿಂತವರು ಕೆಳಕ್ಕೆ ಇಳಿಯುತ್ತಾರೆ. ಅಮೆರಿಕದ ಕಾಲೇಜುಗಳಲ್ಲಿಯೂ ಹೀಗೆಯೇ ಇರಬೇಕೆಂದು ಭಾವಿಸುವುದು ಸಹಜ. ಆದರೆ ಅದು ಸರಿಯಲ್ಲ. ಅಲ್ಲಿ ಗೆಲುವು ಯಾರನ್ನೂ ತಾನಾಗಿಯೇ ಮೇಲಕ್ಕೆ ಕೊಂಡೊಯ್ಯುವುದಿಲ್ಲ. ಸೋಲು ಯಾರನ್ನೂ ಕೆಳಕ್ಕೆ ತಳ್ಳುವುದಿಲ್ಲ. ಏರಿಕೆಯೆಂಬುದು ಒಂದು ಆಡಳಿತ ನಿರ್ಣಯ. ಅದಕ್ಕೆ ಹಣ ಬೇಕು. ಅದಕ್ಕಿಂತ ಹೆಚ್ಚಾಗಿ, ಮೇಲೆ ಈಗಾಗಲೇ ಕುಳಿತವರ ಒಪ್ಪಿಗೆ ಬೇಕು. ವರ್ಜೀನಿಯ ಸಂಸ್ಥಾನದ ಜೇಮ್ಸ್ ಮ್ಯಾಡಿಸನ್ ವಿಶ್ವವಿದ್ಯಾನಿಲಯವನ್ನು ಮುಖ್ಯ ನಿದರ್ಶನವಾಗಿಯೂ, ಐಡಾಹೋ ಸಂಸ್ಥಾನದ ಎರಡು ವಿಶ್ವವಿದ್ಯಾನಿಲಯಗಳನ್ನು ಹೋಲಿಕೆಗಾಗಿಯೂ ತೆಗೆದುಕೊಂಡು ಈ ಅಂಶವನ್ನು ಪರಿಶೀಲಿಸೋಣ.

೨

ಮೊದಲು ಶ್ರೇಣಿಗಳು ಹುಟ್ಟಿದ ಬಗೆಯನ್ನು ತಿಳಿಯಬೇಕು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಈ ಆಟ ಎಷ್ಟು ಒರಟಾಗಿತ್ತೆಂದರೆ ಪ್ರತಿವರ್ಷವೂ ಆಟಗಾರರು ಪ್ರಾಣ ಕಳೆದುಕೊಳ್ಳುತ್ತಿದ್ದರು. ೧೯೦೫ರಲ್ಲಿ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಪ್ರಮುಖ ವಿಶ್ವವಿದ್ಯಾನಿಲಯಗಳ ಪ್ರತಿನಿಧಿಗಳನ್ನು ಶ್ವೇತಭವನಕ್ಕೆ ಕರೆಸಿ ಸುಧಾರಣೆಯ ಮಾತನಾಡಿದರು. ಮರುವರ್ಷ ಕಾಲೇಜುಗಳು ತಮ್ಮದೇ ಸಂಘವೊಂದನ್ನು ಕಟ್ಟಿಕೊಂಡವು. ೧೯೧೦ರಿಂದ ಅದಕ್ಕೆ ರಾಷ್ಟ್ರೀಯ ಕಾಲೇಜು ಕ್ರೀಡಾ ಸಂಘವೆಂದು ಹೆಸರಾಯಿತು. ಎನ್.ಸಿ.ಎ.ಎ. ಎಂಬ ಹ್ರಸ್ವನಾಮದಿಂದ ಪ್ರಸಿದ್ಧವಾದದ್ದು ಇದೇ.

೧೯೭೩ರಲ್ಲಿ ಈ ಸಂಘ ಸದಸ್ಯ ಸಂಸ್ಥೆಗಳನ್ನು ಮೂರು ವಿಭಾಗಗಳಾಗಿ ಒಡೆಯಿತು. ೧೯೭೮ರಲ್ಲಿ, ಫುಟ್‌ಬಾಲಿನ ಮಟ್ಟಿಗೆ ಮಾತ್ರ, ಮೊದಲನೆಯ ವಿಭಾಗವನ್ನು ಮತ್ತೆ ‘ಒಂದು-ಎ’ ಮತ್ತು ‘ಒಂದು-ಎಎ’ ಎಂದು ಸೀಳಿತು. ೨೦೦೬ರಲ್ಲಿ ಹೆಸರುಗಳು ಬದಲಾದವು: ಮೇಲಿನದು ‘ಬೌಲ್ ಉಪವಿಭಾಗ’, ಕೆಳಗಿನದು ‘ಚಾಂಪಿಯನ್‌ಷಿಪ್ ಉಪವಿಭಾಗ’. ‘ಬೌಲ್’ ಎಂಬುದು ಋತುವಿನ ಕೊನೆಯಲ್ಲಿ ಆಯ್ದ ತಂಡಗಳನ್ನು ಆಹ್ವಾನಿಸಿ ಆಡಿಸುವ ಪಂದ್ಯಕ್ಕೆ ಬಂದ ಹೆಸರು. ಕೆಳಗಿನ ಉಪವಿಭಾಗದಲ್ಲಿ ಸೋತವರು ಹೊರಬೀಳುವ ಸುತ್ತುಗಳ ಮೂಲಕ ಒಬ್ಬ ವಿಜೇತನನ್ನು ನಿರ್ಣಯಿಸುತ್ತಾರೆ. ಅನುಕೂಲಕ್ಕಾಗಿ ಇವುಗಳನ್ನು ಮೇಲಿನ ಶ್ರೇಣಿ, ಕೆಳಗಿನ ಶ್ರೇಣಿ ಎಂದು ಕರೆಯುತ್ತೇವೆ.

ಇವೆರಡರ ನಡುವಣ ಮುಖ್ಯ ವ್ಯತ್ಯಾಸ ಆಟದ ನಿಯಮಗಳಲ್ಲಿಲ್ಲ, ವೆಚ್ಚದಲ್ಲಿದೆ. ೨೦೨೪ರ ಋತುವಿನವರೆಗೆ ಮೇಲಿನ ಶ್ರೇಣಿಯ ಸಂಸ್ಥೆ ಫುಟ್‌ಬಾಲಿಗಾಗಿ ೮೫ ಪೂರ್ಣ ವಿದ್ಯಾರ್ಥಿವೇತನಗಳನ್ನು ಕೊಡಬಹುದಾಗಿತ್ತು. ಕೆಳಗಿನ ಶ್ರೇಣಿಯ ಸಂಸ್ಥೆ ೬೩ಕ್ಕೆ ಸಮನಾದಷ್ಟನ್ನು ಮಾತ್ರ. ಇಪ್ಪತ್ತೆರಡರ ಈ ಅಂತರ ನೋಡಲು ಸಣ್ಣದು. ಆದರೆ ೧೯೭೨ರ ‘ಟೈಟಲ್ ನೈನ್’ ಎಂಬ ಕಾನೂನಿನ ಪ್ರಕಾರ ಸ್ತ್ರೀ ಪುರುಷರಿಗೆ ದೊರೆಯುವ ಕ್ರೀಡಾನೆರವು ಆಟಗಾರರ ಪ್ರಮಾಣಕ್ಕೆ ಸರಿಯಾಗಿರಬೇಕು. ಆದ್ದರಿಂದ ಫುಟ್‌ಬಾಲಿಗೆ ಹೆಚ್ಚಿಸಿದ ನೆರವಿಗೆ ತಕ್ಕಂತೆ ಮಹಿಳೆಯರ ಆಟಗಳಿಗೂ ಹೆಚ್ಚಿಸಬೇಕಾಗುತ್ತದೆ. ಇದರ ಮೇಲೆ ಕ್ರೀಡಾಂಗಣ, ತರಬೇತುದಾರರ ಸಂಬಳ, ದೂರಪ್ರಯಾಣ ಇವುಗಳ ಖರ್ಚು ಬೇರೆ. ೨೦೨೩ರಲ್ಲಿ ಸಂಘವು ಏರಿಕೆಯ ಅರ್ಜಿಯ ಶುಲ್ಕವನ್ನೇ ೫,೦೦೦ ಡಾಲರುಗಳಿಂದ ೫೦ ಲಕ್ಷ ಡಾಲರುಗಳಿಗೆ ಏರಿಸಿತು. ಬಾಗಿಲು ಎಷ್ಟು ಕಿರಿದಾಯಿತೆಂಬುದನ್ನು ಈ ಒಂದು ಅಂಕಿಯೇ ತಿಳಿಸುತ್ತದೆ.

ಹಣವೊಂದಿದ್ದರೂ ಸಾಲದು. ಅಮೆರಿಕದ ಕಾಲೇಜುಗಳು ‘ಕಾನ್ಫರೆನ್ಸ್’ ಎಂಬ ಕೂಟಗಳಾಗಿ ಸೇರಿಕೊಂಡಿವೆ. ಋತುವಿನ ಬಹುಪಾಲು ಪಂದ್ಯಗಳು ಕೂಟದೊಳಗೇ ನಡೆಯುತ್ತವೆ; ದೂರದರ್ಶನದ ಪ್ರಸಾರದಿಂದ ಬರುವ ಹಣವನ್ನು ಕೂಟವೇ ಹಂಚುತ್ತದೆ. ಪ್ರಸಾರದ ಹಕ್ಕಿನ ಮೇಲೆ ಎನ್.ಸಿ.ಎ.ಎ. ಇಟ್ಟುಕೊಂಡಿದ್ದ ಹಿಡಿತವನ್ನು ೧೯೮೪ರಲ್ಲಿ ಸರ್ವೋಚ್ಚ ನ್ಯಾಯಾಲಯ ರದ್ದುಪಡಿಸಿದ ಮೇಲೆ ಕೂಟಗಳ ಬಲ ಬಹಳ ಬೆಳೆಯಿತು. ಮೇಲಿನ ಶ್ರೇಣಿಯ ಕೂಟವೊಂದು ಕರೆದರೆ ಮಾತ್ರ ಹೊಸಬರು ಆ ಶ್ರೇಣಿಗೆ ಹೋಗಬಹುದೆಂಬುದು ಈಗಿನ ನಿಯಮ.

ಗೆಲುವಿಗೂ ಶ್ರೇಣಿಗೂ ನೇರ ಸಂಬಂಧವಿಲ್ಲವೆಂಬುದಕ್ಕೆ ಒಂದು ಪ್ರಸಿದ್ಧ ಉದಾಹರಣೆ ಉಂಟು. ೨೦೦೭ರ ಸೆಪ್ಟೆಂಬರ್ ೧ರಂದು ಕೆಳಗಿನ ಶ್ರೇಣಿಯ ಅಪಲಾಚಿಯನ್ ಸ್ಟೇಟ್ ವಿಶ್ವವಿದ್ಯಾನಿಲಯ, ದೇಶದಲ್ಲಿ ಐದನೆಯ ಸ್ಥಾನದಲ್ಲಿದ್ದ ಮಿಷಿಗನ್ ವಿಶ್ವವಿದ್ಯಾನಿಲಯವನ್ನು ಅದರ ಸ್ವಂತ ಮೈದಾನದಲ್ಲಿ, ಲಕ್ಷಕ್ಕೂ ಮಿಕ್ಕ ಪ್ರೇಕ್ಷಕರ ಮುಂದೆ, ೩೪–೩೨ರಿಂದ ಸೋಲಿಸಿತು. ಈ ಪಂದ್ಯಕ್ಕೆ ಬರಲು ಅಪಲಾಚಿಯನ್ ತಂಡಕ್ಕೆ ೪ ಲಕ್ಷ ಡಾಲರ್ ಗೊತ್ತುಮಾಡಲಾಗಿತ್ತು. ದೊಡ್ಡವರು ಸುಲಭದ ಗೆಲುವಿಗಾಗಿ ಸಣ್ಣವರನ್ನು ಹಣಕೊಟ್ಟು ಕರೆಸುವ ಪದ್ಧತಿ ಅಲ್ಲಿ ಇಂದಿಗೂ ಉಂಟು. ಗೆದ್ದವರು ಹಣವನ್ನೂ ಕೀರ್ತಿಯನ್ನೂ ತಂದರು. ಆದರೆ ಮೇಲಿನ ಶ್ರೇಣಿಗೆ ಸೇರಿದ್ದು ಏಳು ವರ್ಷಗಳಾದ ಮೇಲೆ, ೨೦೧೪ರಲ್ಲಿ, ‘ಸನ್ ಬೆಲ್ಟ್’ ಎಂಬ ಕೂಟ ಅವರಿಗೆ ಸ್ಥಳ ಕೊಟ್ಟಾಗ.

೩

ಇನ್ನು ನಮ್ಮ ಮುಖ್ಯ ನಿದರ್ಶನಕ್ಕೆ ಬರೋಣ. ವರ್ಜೀನಿಯದ ಷೆನಂಡೋವಾ ಕಣಿವೆಯಲ್ಲಿರುವ ಹ್ಯಾರಿಸನ್‌ಬರ್ಗ್ ಎಂಬ ಊರಿನಲ್ಲಿ ೧೯೦೮ರಲ್ಲಿ ಮಹಿಳೆಯರಿಗಾಗಿ ಒಂದು ಸರ್ಕಾರಿ ಶಿಕ್ಷಕ ತರಬೇತಿ ಶಾಲೆ ಸ್ಥಾಪಿತವಾಯಿತು. ೧೯೩೮ರಲ್ಲಿ ಅದು ಮ್ಯಾಡಿಸನ್ ಕಾಲೇಜಾಯಿತು. ೧೯೬೬ರಲ್ಲಿ ಪುರುಷರಿಗೂ ಸ್ತ್ರೀಯರಿಗೂ ಸಮಾನವಾಗಿ ತೆರೆದ ಸಂಸ್ಥೆಯಾಯಿತು. ೧೯೭೨ರಲ್ಲಿ ಫುಟ್‌ಬಾಲ್ ತಂಡ ಹುಟ್ಟಿತು; ೧೯೭೭ರಲ್ಲಿ ಜೇಮ್ಸ್ ಮ್ಯಾಡಿಸನ್ ವಿಶ್ವವಿದ್ಯಾನಿಲಯವೆಂಬ ಈಗಿನ ಹೆಸರು ಬಂತು. ಈ ಕಾಲಕ್ರಮ ಗಮನಾರ್ಹವಾದುದು. ಪುರುಷ ವಿದ್ಯಾರ್ಥಿಗಳು, ಫುಟ್‌ಬಾಲ್, ವಿಶ್ವವಿದ್ಯಾನಿಲಯದ ಪದವಿ, ಈ ಮೂರೂ ಹನ್ನೊಂದು ವರ್ಷಗಳೊಳಗೆ ಒಂದರ ಹಿಂದೊಂದು ಬಂದವು. ಮಹಿಳಾ ಕಾಲೇಜೆಂಬ ಹಳೆಯ ಗುರುತನ್ನು ಕಳಚಿ ಹೊಸ ಗುರುತನ್ನು ಪಡೆಯುವ ಪ್ರಯತ್ನದಲ್ಲಿ ಫುಟ್‌ಬಾಲ್ ಒಂದು ಸಾಧನವಾಗಿತ್ತೆಂದು ನಾವು ಊಹಿಸಬಹುದು.

ಕೆಳಗಿನ ಶ್ರೇಣಿಯಲ್ಲಿ ಈ ತಂಡ ಕಳಪೆಯಾಗಿರಲಿಲ್ಲ. ೨೦೦೪ರಲ್ಲಿಯೂ ೨೦೧೬ರಲ್ಲಿಯೂ ಆ ಶ್ರೇಣಿಯ ರಾಷ್ಟ್ರೀಯ ವಿಜೇತ ಸ್ಥಾನ ಅದಕ್ಕೆ ದೊರೆಯಿತು. ೨೦೧೦ರ ಸೆಪ್ಟೆಂಬರಿನಲ್ಲಿ ಮೇಲಿನ ಶ್ರೇಣಿಯ ವರ್ಜೀನಿಯ ಟೆಕ್ ತಂಡವನ್ನು ಅವರ ಊರಿನಲ್ಲಿಯೇ ೨೧–೧೬ರಿಂದ ಸೋಲಿಸಿತು. ಅದರ ಬ್ರಿಡ್ಜ್‌ಫೋರ್ತ್ ಕ್ರೀಡಾಂಗಣದಲ್ಲಿ ಸುಮಾರು ೨೫,೦೦೦ ಜನರಿಗೆ ಸ್ಥಳವಿತ್ತು. ಆಟ, ಜನ, ಕಟ್ಟಡ ಎಲ್ಲವೂ ಇದ್ದವು. ಇಷ್ಟಾದರೂ ಏರಿಕೆ ನಡೆದದ್ದು ೨೦೨೨ರಲ್ಲಿ. ದಕ್ಷಿಣದ ಕೂಟಗಳ ಸದಸ್ಯರು ಅದಲುಬದಲಾದ ೨೦೨೧ರ ಶರತ್ಕಾಲದಲ್ಲಿ, ಸನ್ ಬೆಲ್ಟ್ ಕೂಟ ತನ್ನ ಪೂರ್ವಭಾಗವನ್ನು ಬಲಪಡಿಸಿಕೊಳ್ಳಲು ಹೊಸ ಸದಸ್ಯರನ್ನು ಹುಡುಕಿತು. ಆಗ ಮ್ಯಾಡಿಸನ್‌ಗೆ ಕರೆ ಬಂತು.

ಇಲ್ಲಿ ಎರಡು ಸಂಗತಿಗಳನ್ನು ವಿಶೇಷವಾಗಿ ಪರಿಶೀಲಿಸಬೇಕು. ಒಂದು, ವಿದ್ಯಾರ್ಥಿ ಶುಲ್ಕ. ಈ ವಿಶ್ವವಿದ್ಯಾನಿಲಯದ ಕ್ರೀಡಾ ಆದಾಯದ ಬಹುಭಾಗ ಬರುತ್ತಿದ್ದುದು ಟಿಕೆಟ್ಟಿನಿಂದಲ್ಲ, ಪ್ರಸಾರದಿಂದಲ್ಲ. ಎಲ್ಲ ವಿದ್ಯಾರ್ಥಿಗಳೂ ಬೋಧನಾ ಶುಲ್ಕದ ಜೊತೆಗೆ ಕಡ್ಡಾಯವಾಗಿ ತೆರುವ ಶುಲ್ಕದಿಂದ. ಪಂದ್ಯ ನೋಡುವವನೂ ನೋಡದವನೂ ಇದನ್ನು ತೆರಬೇಕು. ಈ ಪರಿಪಾಠ ಮಿತಿಮೀರುವುದನ್ನು ಕಂಡು ವರ್ಜೀನಿಯದ ಶಾಸನಸಭೆ ೨೦೧೫ರಲ್ಲಿ ಒಂದು ಕಾಯಿದೆ ಮಾಡಿತು. ಅದರ ಪ್ರಕಾರ ಕ್ರೀಡಾ ಆದಾಯದಲ್ಲಿ ಇಂಥ ಶುಲ್ಕದ ಪಾಲು ಕೆಳಗಿನ ಶ್ರೇಣಿಯಲ್ಲಿ ಶೇಕಡ ೭೦ನ್ನೂ, ಮೇಲಿನ ಶ್ರೇಣಿಯ ಸಾಮಾನ್ಯ ಕೂಟಗಳಲ್ಲಿ ಶೇಕಡ ೫೫ನ್ನೂ ಮೀರಕೂಡದು. ಶ್ರೇಣಿ ಬದಲಾಯಿಸಬಯಸುವ ಸಂಸ್ಥೆ ಶಾಸಕರ ಸಮಿತಿಯೊಂದರ ಮುಂದೆ ತನ್ನ ಲೆಕ್ಕವನ್ನಿಡಬೇಕು. ಮ್ಯಾಡಿಸನ್ ಹೀಗೆ ಲೆಕ್ಕವಿಟ್ಟು ಒಪ್ಪಿಗೆ ಪಡೆದ ಮೇಲೆಯೇ ೨೦೨೧ರ ನವೆಂಬರಿನಲ್ಲಿ ಸನ್ ಬೆಲ್ಟಿನ ಕರೆಯನ್ನು ಸ್ವೀಕರಿಸಿತು. ಚರಿತ್ರಕಾರನಿಗೆ ಇದೊಂದು ಅಪೂರ್ವ ಅನುಕೂಲ. ಬೇರೆಡೆ ಕಚೇರಿಯ ಗೋಡೆಗಳೊಳಗೆ ನಡೆಯುವ ನಿರ್ಣಯ ಇಲ್ಲಿ ಸಾರ್ವಜನಿಕ ದಾಖಲೆಯಾಗಿದೆ.

ಎರಡನೆಯದು, ಬಿಟ್ಟುಹೋಗುವವರಿಗೆ ಹಳೆಯ ಕೂಟ ವಿಧಿಸಿದ ದಂಡ. ಮ್ಯಾಡಿಸನ್ ಸದಸ್ಯವಾಗಿದ್ದ ‘ಕಲೋನಿಯಲ್’ ಕೂಟದ ನಿಯಮದಂತೆ, ಹೊರಡುವ ಸಂಸ್ಥೆಯ ತಂಡಗಳು ಕೂಟದ ವಿಜೇತ ಸ್ಥಾನಕ್ಕಾಗಿ ಆಡುವಂತಿಲ್ಲ. ೨೦೨೧–೨೨ರ ಉಳಿದ ಅವಧಿಯಲ್ಲಿ ಈ ನಿಷೇಧ ಬ್ಯಾಸ್ಕೆಟ್‌ಬಾಲ್, ಸಾಫ್ಟ್‌ಬಾಲ್ ಮೊದಲಾದ ಆಟಗಳಿಗೆ ತಗಲಿತು. ಮಹಿಳೆಯರ ಸಾಫ್ಟ್‌ಬಾಲ್ ತಂಡ ಇದಕ್ಕೆ ಒಂದು ವರ್ಷ ಮೊದಲಷ್ಟೆ, ೨೦೨೧ರ ಜೂನಿನಲ್ಲಿ, ರಾಷ್ಟ್ರೀಯ ಅಂತಿಮ ಘಟ್ಟವನ್ನು ತಲುಪಿ, ಬಲಿಷ್ಠ ಓಕ್ಲಹೋಮ ತಂಡವನ್ನು ಮೊದಲ ಪಂದ್ಯದಲ್ಲಿಯೇ ೪–೩ರಿಂದ ಸೋಲಿಸಿತ್ತು. ಅಂಥ ತಂಡ ೨೦೨೨ರಲ್ಲಿ ತನ್ನ ಕೂಟದ ಅಂತಿಮ ಸ್ಪರ್ಧೆಯಿಂದ ಹೊರಗುಳಿಯಿತು. ಫುಟ್‌ಬಾಲ್ ತಂಡವಾದರೋ ೨೦೨೧ರ ಋತುವಿನಲ್ಲಿ ತನ್ನ ಶ್ರೇಣಿಯ ರಾಷ್ಟ್ರೀಯ ಸುತ್ತುಗಳಲ್ಲಿ ಸೆಮಿಫೈನಲ್‌ವರೆಗೂ ಆಡಿತು. ಮಹಿಳೆಯರಿಗಾಗಿ ಹುಟ್ಟಿದ ಸಂಸ್ಥೆಯಲ್ಲಿ ಫುಟ್‌ಬಾಲಿನ ಏರಿಕೆಯ ಮೊದಲ ಕಂತನ್ನು ತೆತ್ತವರಲ್ಲಿ ಮಹಿಳಾ ಕ್ರೀಡಾಪಟುಗಳೂ ಇದ್ದರೆಂಬ ಸಂಗತಿಯನ್ನು ಗೆಲುವಿನ ವರದಿಗಳಲ್ಲಿ ನಾವು ಕಾಣುವುದು ಅಪರೂಪ.

೪

ಏರಿದ ಮೇಲೆ ತಂಡ ಆಡಿದ ರೀತಿ ಎಲ್ಲರನ್ನೂ ಬೆರಗುಗೊಳಿಸಿತು. ಮೊದಲ ಪಂದ್ಯದಲ್ಲಿ ಮಿಡ್ಲ್ ಟೆನ್ನೆಸಿ ತಂಡವನ್ನು ೪೪–೭ರಿಂದ ಸೋಲಿಸಿತು. ೨೦೨೨ರ ಸೆಪ್ಟೆಂಬರ್ ೨೪ರಂದು ಅಪಲಾಚಿಯನ್ ಸ್ಟೇಟಿನ ಮೈದಾನದಲ್ಲಿ ೩–೨೮ರಷ್ಟು ಹಿಂದೆ ಬಿದ್ದಿದ್ದರೂ ೩೨–೨೮ರಿಂದ ಗೆದ್ದಿತು. ಐದು ಪಂದ್ಯಗಳನ್ನು ಸತತವಾಗಿ ಗೆದ್ದು, ಮೇಲಿನ ಶ್ರೇಣಿಯ ಮೊದಲ ವರ್ಷದಲ್ಲಿಯೇ ರಾಷ್ಟ್ರದ ಮೊದಲ ಇಪ್ಪತ್ತೈದು ತಂಡಗಳ ಪಟ್ಟಿಯಲ್ಲಿ ಹೆಸರು ಪಡೆಯಿತು. ನವೆಂಬರ್ ೨೬ರಂದು ಕೋಸ್ಟಲ್ ಕ್ಯಾರೊಲೈನ ತಂಡವನ್ನು ೪೭–೭ರಿಂದ ಮಣಿಸಿ ಋತುವನ್ನು ಎಂಟು ಗೆಲುವು, ಮೂರು ಸೋಲುಗಳೊಡನೆ ಮುಗಿಸಿತು. ಆದರೆ ಒಂದು ವಾರದ ತರುವಾಯ ಕೂಟದ ಅಂತಿಮ ಪಂದ್ಯಕ್ಕೆ ಪೂರ್ವಭಾಗದಿಂದ ಹೋದದ್ದು ಸೋತ ಕೋಸ್ಟಲ್ ಕ್ಯಾರೊಲೈನವೇ.

ಕಾರಣವಿಷ್ಟೆ. ಎನ್.ಸಿ.ಎ.ಎ. ನಿಯಮದ ಪ್ರಕಾರ ಏರಿಬಂದ ಸಂಸ್ಥೆಗೆ ಎರಡು ವರ್ಷಗಳ ಸಂಕ್ರಮಣ ಕಾಲವುಂಟು. ಆ ಅವಧಿಯಲ್ಲಿ ಅದು ಪಂದ್ಯಗಳನ್ನಾಡಬಹುದು, ಗೆಲ್ಲಬಹುದು. ಋತುವಿನ ಕೊನೆಯ ಗೌರವಗಳಿಗೆ ಮಾತ್ರ ಅರ್ಹವಲ್ಲ. ಬೌಲ್ ಪಂದ್ಯಗಳಿಗೆ ಅರ್ಹ ತಂಡಗಳ ಕೊರತೆ ಬಿದ್ದರೆ ಮಾತ್ರ ಅದಕ್ಕೆ ಅವಕಾಶ. ೨೦೨೩ರಲ್ಲಿ ಈ ವಿಷಯ ತೀವ್ರವಾಯಿತು. ತಂಡ ಮೊದಲ ಹತ್ತು ಪಂದ್ಯಗಳನ್ನೂ ಗೆದ್ದಿತು. ವಿಶ್ವವಿದ್ಯಾನಿಲಯ ವಿನಾಯಿತಿ ಬೇಡಿತು; ಸಂಘ ನಿರಾಕರಿಸಿತು. ವರ್ಜೀನಿಯದ ಅಟಾರ್ನಿ ಜನರಲ್ ದಾವೆ ಹೂಡುವ ಎಚ್ಚರಿಕೆಯನ್ನು ಕೊಟ್ಟರು; ಸಂಘ ಬಗ್ಗಲಿಲ್ಲ. ನವೆಂಬರ್ ೧೮ರಂದು ಹೆಚ್ಚುವರಿ ಆಟದಲ್ಲಿ ಅಪಲಾಚಿಯನ್ ಸ್ಟೇಟಿಗೆ ೨೩–೨೬ರಿಂದ ಸೋತದ್ದನ್ನು ಬಿಟ್ಟರೆ ಋತುವಿನಲ್ಲಿ ಬೇರೆ ಸೋಲಿಲ್ಲ. ಕೊನೆಗೆ ಅರ್ಹ ತಂಡಗಳು ಸಾಲದೆ ಬಂದುದರಿಂದ ಟೆಕ್ಸಾಸಿನ ಫೋರ್ಟ್ ವರ್ತಿನಲ್ಲಿ ನಡೆದ ಬೌಲ್ ಪಂದ್ಯಕ್ಕೆ ಕರೆ ಬಂತು. ಅಷ್ಟರೊಳಗೆ ಮುಖ್ಯ ತರಬೇತುದಾರ ಕರ್ಟ್ ಸಿಗ್ನೆಟ್ಟಿ ದೊಡ್ಡ ಕೂಟದ ಇಂಡಿಯಾನ ವಿಶ್ವವಿದ್ಯಾನಿಲಯಕ್ಕೆ ಹೊರಟುಹೋಗಿದ್ದರು. ವಾಯುಪಡೆಯ ಅಕಾಡೆಮಿಯ ವಿರುದ್ಧ ಆ ಪಂದ್ಯವನ್ನು ತಂಡ ೨೧–೩೧ರಿಂದ ಸೋತಿತು.

ಸಂಕ್ರಮಣದ ನಿಯಮ ಅನ್ಯಾಯವೆಂದು ವಾದಿಸುವುದು ಸುಲಭ. ನಿಯಮದ ಪರವಾಗಿಯೂ ಒಂದು ಮಾತುಂಟು. ಒಂದು ಒಳ್ಳೆಯ ಋತುವಿನ ಉತ್ಸಾಹದಲ್ಲಿ, ಖರ್ಚಿನ ಪರಿವೆಯಿಲ್ಲದೆ ಮೇಲಕ್ಕೆ ಹಾರುವ ಸಂಸ್ಥೆಗಳನ್ನು ತಡೆಯುವುದು ಅದರ ಉದ್ದೇಶ. ಆದರೆ ನಾಲ್ಕು ವರ್ಷಗಳ ವ್ಯಾಸಂಗಕ್ಕೆ ಬಂದ ಆಟಗಾರನಿಗೆ ಎರಡು ವರ್ಷವೆಂದರೆ ಅವನ ಕ್ರೀಡಾಜೀವನದ ಅರ್ಧ. ನಿರ್ಣಯ ಮಾಡಿದವರು ಆಡಳಿತಗಾರರು, ಕಾಯಬೇಕಾದವರು ವಿದ್ಯಾರ್ಥಿಗಳು.

೫

ಏರಿದವರೆಲ್ಲರೂ ಹೀಗೆ ಗೆಲ್ಲುತ್ತಾರೆಯೇ? ಈ ಪ್ರಶ್ನೆಗೆ ಉತ್ತರವಾಗಿ ವಾಯವ್ಯದ ಐಡಾಹೋ ಸಂಸ್ಥಾನವನ್ನು ನೋಡಬೇಕು. ಅಲ್ಲಿ ಒಂದೇ ಸಂಸ್ಥಾನದ ಎರಡು ವಿಶ್ವವಿದ್ಯಾನಿಲಯಗಳು ಒಂದೇ ವರ್ಷ, ೧೯೯೬ರಲ್ಲಿ, ‘ಬಿಗ್ ಸ್ಕೈ’ ಎಂಬ ಒಂದೇ ಕೂಟವನ್ನು ಬಿಟ್ಟು ಮೇಲಿನ ಶ್ರೇಣಿಗೆ ಹೋದವು. ಇಂಥ ಹೋಲಿಕೆ ಇತಿಹಾಸದಲ್ಲಿ ದೊರೆಯುವುದು ವಿರಳ.

ಅವುಗಳಲ್ಲಿ ಹಿರಿಯದು ೧೮೮೯ರಲ್ಲಿ ಮಾಸ್ಕೋ ಎಂಬ ಚಿಕ್ಕ ಊರಿನಲ್ಲಿ ಸ್ಥಾಪಿತವಾದ ಐಡಾಹೋ ವಿಶ್ವವಿದ್ಯಾನಿಲಯ. ಕ್ಯಾಲಿಫೋರ್ನಿಯ, ವಾಷಿಂಗ್‌ಟನ್ ಮೊದಲಾದ ದೊಡ್ಡ ವಿಶ್ವವಿದ್ಯಾನಿಲಯಗಳಿದ್ದ ಪೆಸಿಫಿಕ್ ಕರಾವಳಿಯ ಕೂಟ ೧೯೫೯ರಲ್ಲಿ ಒಡೆಯುವವರೆಗೆ ಅದೂ ಅಲ್ಲಿ ಸದಸ್ಯವಾಗಿತ್ತು. ಕಿರಿಯದು ೧೯೩೨ರಲ್ಲಿ ಜೂನಿಯರ್ ಕಾಲೇಜಾಗಿ ಆರಂಭವಾದ ಬಾಯ್ಸಿ ಸ್ಟೇಟ್, ಸಂಸ್ಥಾನದ ರಾಜಧಾನಿಯಲ್ಲಿರುವುದು. ಕಿರಿಯ ಸಂಸ್ಥೆ ೨೦೦೭ರ ಜನವರಿ ೧ರಂದು ಓಕ್ಲಹೋಮವನ್ನು ೪೩–೪೨ರಿಂದ ಸೋಲಿಸಿ ದೇಶವಿಡೀ ಹೆಸರು ಮಾಡಿತು. ರಾಷ್ಟ್ರೀಯ ಪ್ಲೇಆಫ್ ಹನ್ನೆರಡು ತಂಡಗಳಿಗೆ ವಿಸ್ತರಿಸಿದ ೨೦೨೪ರ ಋತುವಿನಲ್ಲಿ ಅದರಲ್ಲಿಯೂ ಸ್ಥಾನ ಪಡೆಯಿತು.

ಹಿರಿಯದರ ಕಥೆ ಬೇರೆ. ಅದರ ಕಿಬ್ಬಿ ಡೋಮ್ ಎಂಬ ಮುಚ್ಚಿದ ಕ್ರೀಡಾಂಗಣದಲ್ಲಿ ಸುಮಾರು ೧೬,೦೦೦ ಜನರಿಗೆ ಮಾತ್ರ ಸ್ಥಳ. ಮೇಲಿನ ಶ್ರೇಣಿಗೆ ಅಂದು ಬೇಕಾಗಿದ್ದ ಪ್ರೇಕ್ಷಕರ ಸಂಖ್ಯೆಯನ್ನು ತೋರಿಸುವುದಕ್ಕಾಗಿ ೧೯೯೯ರಿಂದ ಕೆಲವು ಋತುಗಳಲ್ಲಿ ತನ್ನ ‘ಸ್ವಂತ’ ಪಂದ್ಯಗಳನ್ನು ಎಂಟು ಮೈಲಿ ದೂರದಲ್ಲಿ, ಪಕ್ಕದ ಸಂಸ್ಥಾನದ ವಿಶ್ವವಿದ್ಯಾನಿಲಯದ ಮೈದಾನದಲ್ಲಿ ಆಡಬೇಕಾಯಿತು. ಕೂಟದಿಂದ ಕೂಟಕ್ಕೆ ಅಲೆಯಿತು: ಬಿಗ್ ವೆಸ್ಟ್, ಸನ್ ಬೆಲ್ಟ್, ವೆಸ್ಟರ್ನ್, ೨೦೧೩ರಲ್ಲಿ ಯಾವ ಕೂಟವೂ ಇಲ್ಲದ ಒಂದು ವರ್ಷ, ಮತ್ತೆ ಸನ್ ಬೆಲ್ಟ್. ಲೂಯಿಸಿಯಾನ, ಅಲಬಾಮ, ಜಾರ್ಜಿಯಗಳ ತಂಡಗಳೊಡನೆ ಆಡಲು ದೇಶದ ಅರ್ಧವನ್ನು ದಾಟಿ ಹೋಗಬೇಕಾಗಿತ್ತು. ೨೦೧೬ರ ಮಾರ್ಚಿಯಲ್ಲಿ ಸನ್ ಬೆಲ್ಟ್ ಕೂಟ ೨೦೧೭ರ ಬಳಿಕ ಐಡಾಹೋವನ್ನು ಇಟ್ಟುಕೊಳ್ಳುವುದಿಲ್ಲವೆಂದಿತು. ಮರುತಿಂಗಳೇ ವಿಶ್ವವಿದ್ಯಾನಿಲಯ ಕೆಳಗಿನ ಶ್ರೇಣಿಗೆ, ತನ್ನ ಹಳೆಯ ಬಿಗ್ ಸ್ಕೈ ಕೂಟಕ್ಕೆ, ಹಿಂದಿರುಗುವ ನಿರ್ಣಯವನ್ನು ಪ್ರಕಟಿಸಿತು. ಮೇಲಿನ ಶ್ರೇಣಿಯಿಂದ ತಾನಾಗಿ ಇಳಿದ ಮೊದಲ ಸಂಸ್ಥೆಯೆಂದು ಅದರ ಹೆಸರು ನಿಂತಿತು. ಆ ವರ್ಷವೇ ತಂಡ ಒಂಬತ್ತು ಪಂದ್ಯಗಳನ್ನು ಗೆದ್ದು, ಬೌಲ್ ಪಂದ್ಯದಲ್ಲಿ ಕೊಲರಾಡೊ ಸ್ಟೇಟನ್ನು ೬೧–೫೦ರಿಂದ ಸೋಲಿಸಿತು. ಗೆಲುವು ಅದನ್ನು ಮೇಲೆ ಉಳಿಸಲಿಲ್ಲ.

ಈಗ ಎರಡು ಕಥೆಗಳನ್ನೂ ಕೂಡಿಸಿ ನೋಡಬಹುದು. ಐಡಾಹೋವನ್ನು ಬೇಡವೆಂದ ಸನ್ ಬೆಲ್ಟ್ ಕೂಟವೇ ಐದು ವರ್ಷಗಳ ತರುವಾಯ ಮ್ಯಾಡಿಸನ್ನನ್ನು ಕರೆಯಿತು. ಮ್ಯಾಡಿಸನ್ ಇರುವುದು ಕೂಟದ ಇತರ ಸದಸ್ಯರ ಹತ್ತಿರ. ಓಲ್ಡ್ ಡೊಮಿನಿಯನ್ ಅದೇ ಸಂಸ್ಥಾನದ್ದು. ಮಾರ್ಷಲ್ ಪಕ್ಕದ ಸಂಸ್ಥಾನದ್ದು. ಅಪಲಾಚಿಯನ್ ಸ್ಟೇಟ್ ಹಳೆಯ ಪರಿಚಯದ್ದು. ಐಡಾಹೋಗೆ ಆ ಕೂಟದಲ್ಲಿ ನೆರೆಯವರೇ ಇರಲಿಲ್ಲ. ಇಬ್ಬರ ನಡುವಣ ಅಂತರಕ್ಕೆ ಆಟದ ಕೌಶಲಕ್ಕಿಂತ ಭೂಗೋಳವೇ ಹೆಚ್ಚಿನ ಕಾರಣವೆಂದು ನಮ್ಮ ಅಭಿಪ್ರಾಯ.

೬

೨೦೨೪ರಲ್ಲಿ ಸಂಕ್ರಮಣ ಮುಗಿದ ಮೇಲೆ ಮ್ಯಾಡಿಸನ್ ತನ್ನ ಮೊದಲ ಬೌಲ್ ಗೆಲುವನ್ನು ಪಡೆಯಿತು. ೨೦೨೫ರಲ್ಲಿ ಕೂಟದ ವಿಜೇತನಾಗಿ, ಹನ್ನೆರಡು ತಂಡಗಳ ರಾಷ್ಟ್ರೀಯ ಪ್ಲೇಆಫಿಗೂ ಹನ್ನೆರಡನೆಯದಾಗಿ ಆಯ್ಕೆಗೊಂಡಿತು. ಮೊದಲ ಸುತ್ತಿನಲ್ಲಿಯೇ ಆರಿಗನ್ ವಿಶ್ವವಿದ್ಯಾನಿಲಯದ ಮೈದಾನದಲ್ಲಿ ೩೪–೫೧ರಿಂದ ಸೋತಿತು. ಆ ವರ್ಷದ ತರಬೇತುದಾರರೂ ದೊಡ್ಡ ಕೂಟದ ವಿಶ್ವವಿದ್ಯಾನಿಲಯವೊಂದಕ್ಕೆ ಹೊರಟರು. ಮೇಲಿನ ಪಂಕ್ತಿಯಲ್ಲಿ ಎಲೆ ಸಿಕ್ಕಿದವನಿಗೆ ಆ ಪಂಕ್ತಿಗೂ ಮೇಲೊಂದು ಪಂಕ್ತಿಯಿದೆಯೆಂಬುದು ಅಲ್ಲಿ ಕುಳಿತ ಮೇಲೆಯೇ ಸರಿಯಾಗಿ ಕಾಣುತ್ತದೆ. ಇತ್ತ ಇಳಿದುಹೋದ ಐಡಾಹೋ ತನ್ನ ನೆರೆಯವರ ನಡುವೆ ಚೇತರಿಸಿಕೊಂಡು ೨೦೨೨, ೨೦೨೩, ೨೦೨೪ರ ಮೂರು ಋತುಗಳಲ್ಲಿಯೂ ಕೆಳಗಿನ ಶ್ರೇಣಿಯ ರಾಷ್ಟ್ರೀಯ ಸುತ್ತುಗಳನ್ನು ತಲುಪಿತು. ಯಾರು ಏರಿದರು, ಯಾರು ಇಳಿದರು ಎಂಬ ಮಾತ್ರದಿಂದ ಯಾರು ಒಳಿತನ್ನು ಕಂಡರೆಂದು ಹೇಳುವಂತಿಲ್ಲ.

ಮೇಲ್ಕಂಡ ವಿವರಗಳಿಂದ ವ್ಯಕ್ತವಾಗುವುದಿಷ್ಟು. ಶ್ರೇಣಿಯೆಂಬುದು ಆಟದ ಅಳತೆಯಲ್ಲ, ಸಹವಾಸದ ಅಳತೆ. ಅದನ್ನು ಕೊಡುವವರು ಇತರರು, ಅದರ ಬೆಲೆಯನ್ನು ತೆರುವವರು ಒಳಗಿನವರು. ಆದ್ದರಿಂದ ಇಂಥ ಏರಿಕೆಯ ಚರಿತ್ರೆಯನ್ನು ಬರೆಯುವವರು ಗೆಲುವು ಸೋಲುಗಳ ಪಟ್ಟಿಯೊಡನೆ ಇನ್ನು ಮೂರು ದಾಖಲೆಗಳನ್ನು ಕೈಯಲ್ಲಿ ಹಿಡಿದಿರಬೇಕು: ವಿದ್ಯಾರ್ಥಿ ಶುಲ್ಕದ ಲೆಕ್ಕ, ಕೂಟದ ನಿಬಂಧನೆಗಳು, ಮತ್ತು ಭೂಪಟ. ಹ್ಯಾರಿಸನ್‌ಬರ್ಗಿನ ೨೦೨೨ರ ಲೆಕ್ಕವನ್ನು ಬರೆಯುವಾಗ ಎಂಟು ಗೆಲುವುಗಳ ಎದುರಿನ ಅಂಕಣದಲ್ಲಿ ಸಾಫ್ಟ್‌ಬಾಲ್ ತಂಡಕ್ಕೆ ಮುಚ್ಚಿದ ಬಾಗಿಲನ್ನೂ ಬರೆಯಬೇಕು. ಆಗಲೇ ಆ ಲೆಕ್ಕ ಪೂರ್ತಿಯಾಗುತ್ತದೆ.